ಉಳ್ಳಾಗಡ್ಡಿ ಸಿಪ್ಪೆಯ ಕೆಳಗೆ ಒಂದು ದೀಪ: ಎ4 ಲೈಟ್ ಪ್ಯಾಡ್, ಎಂಟು ತಿಂಗಳ ಬಳಕೆಯ ನಂತರ

ಮೊದಲು ಬೆಲೆ ಹೇಳಿಬಿಡುತ್ತೇನೆ. ಕೊಪ್ಪಳದಲ್ಲಿ ಯಾರಿಗೆ ಇದನ್ನು ತೋರಿಸಿದರೂ ಅದನ್ನೇ ಮೊದಲು ಕೇಳುತ್ತಾರೆ. 1,150 ರೂಪಾಯಿ, ಆನ್‌ಲೈನ್‌ನಲ್ಲಿ ತರಿಸಿದ್ದು. ಎ4 ಹಾಳೆಯಷ್ಟು ದೊಡ್ಡದು, ರೊಟ್ಟಿ ಬಡಿಯುವ ಹಲಗೆಗಿಂತ ತೆಳ್ಳಗೆ, ಬಿಳಿ ಬೆಳಕು ಬರುವ ಎಲ್‌ಇಡಿ ಲೈಟ್ ಪ್ಯಾಡ್. ಡ್ರಾಯಿಂಗ್ ಕಲಿಯುವವರು ಒಂದು ಚಿತ್ರದ ಮೇಲೆ ಇನ್ನೊಂದು ಹಾಳೆ ಇಟ್ಟು ಗೆರೆ ತಿದ್ದೋಕೆ ಬಳಸುತ್ತಾರೆ. ನಾನು ಕೊಂಡಿದ್ದು ಅದಕ್ಕಲ್ಲ. ಎಲೆ, ಸಿಪ್ಪೆ, ಬೀಜ, ಹುಳದ ರೆಕ್ಕೆ, ಮಣ್ಣು ಇವನ್ನೆಲ್ಲ ಇದರ ಮೇಲಿಟ್ಟು, ಒಂದೊಂದು ಕೂದಲೆಳೆಯಷ್ಟು ಸರಿಸಿ, ಒಂದೊಂದೇ ಫೋಟೋ ತೆಗೆದು ಅನಿಮೇಷನ್ ಮಾಡೋಕೆ.

ಅನಿಮೇಷನ್ ಅಂದರೆ ಕಾರ್ಟೂನ್ ಅಲ್ಲ. ಗೊಂಬೆ ಇಲ್ಲ, ಕಥೆ ಇಲ್ಲ, ಮಾತೂ ಇಲ್ಲ. ಗೆರೆ, ಬಣ್ಣ, ಆಕಾರ ಹರಿಯುತ್ತವೆ, ಒಡೆಯುತ್ತವೆ, ಮತ್ತೆ ಕೂಡುತ್ತವೆ. ಅಬ್‌ಸ್ಟ್ರಾಕ್ಟ್ ಅಂತಾರಲ್ಲ, ಅದು. ಹಾಡಿಗೆ ಮಾತು ಬೇಕಿಲ್ಲದೆ ಬರೀ ಆಲಾಪ ಕೇಳಿ ತಲೆದೂಗುತ್ತೇವಲ್ಲ, ಕಣ್ಣಿಗೆ ಅಂಥದ್ದೊಂದು.

ನನ್ನದು ಫೋಟೋ ಸ್ಟುಡಿಯೋ. ಮದುವೆ, ಸೀಮಂತ, ಜವಳ, ಪಾಸ್‌ಪೋರ್ಟ್ ಫೋಟೋ. ಸ್ಟುಡಿಯೋ ಮೊದಲು ನಮ್ಮ ಕಾಕಾ ನಡೆಸುತ್ತಿದ್ದರು. ಅವರ ಕಾಲದ ಒಂದು ಕಟ್ಟಿಗೆ ಪೆಟ್ಟಿಗೆ ಇನ್ನೂ ಅಟ್ಟದ ಮೇಲಿದೆ. ಮೇಲೆ ಹಾಲುಬಣ್ಣದ ಗಾಜು, ಒಳಗೆ ಬಲ್ಬು. ನೆಗೆಟಿವ್ ಇಟ್ಟು, ಸಣ್ಣ ಬ್ರಷ್ ಹಿಡಿದು ಮುಖದ ಮೇಲಿನ ಕಲೆ ಮುಚ್ಚುವ ಪೆಟ್ಟಿಗೆ. ನಾನು ಚಿಕ್ಕವನಿದ್ದಾಗ ಅದರ ಮೇಲೆ ಒಂದು ದಾಸವಾಳದ ಎಸಳು ಇಟ್ಟು ನೋಡಿದ್ದೆ. ಕೈಯಲ್ಲಿ ಹಿಡಿದಾಗ ಬರೀ ಕೆಂಪು. ಬೆಳಕು ಕೆಳಗಿನಿಂದ ಬಂದ ಕೂಡಲೇ ಅದರೊಳಗೆ ನರ ನರ, ಕವಲು ಕವಲು, ಥೇಟ್ ಅಂಗೈ ಗೆರೆಯ ಹಾಗೆ. ಆ ಎಸಳು ಅವತ್ತಿನಿಂದ ತಲೆಯಿಂದ ಹೋಗಿಲ್ಲ. ಈ ಪ್ಯಾಡ್ ಕೊಳ್ಳೋಕೆ ನಿಜವಾದ ಕಾರಣ ಅದೇ.

ಹಾಗಾದರೆ ಹಳೇ ಪೆಟ್ಟಿಗೆಯನ್ನೇ ಬಳಸಬಹುದಿತ್ತಲ್ಲ? ಬಳಸಿದೆ. ಬಲ್ಬಿನ ಕಾವಿಗೆ ಎಸಳು ಹತ್ತು ಫೋಟೋ ತೆಗೆಯುವಷ್ಟರಲ್ಲಿ ಸುರುಟಿಕೊಳ್ಳುತ್ತದೆ, ನಾವು ಸರಿಸುವ ಮೊದಲೇ ಅದೇ ಸರಿದಿರುತ್ತದೆ. ಜೊತೆಗೆ ನಡುವೆ ಜಾಸ್ತಿ ಬೆಳಕು, ಮೂಲೆಯಲ್ಲಿ ಕತ್ತಲೆ. ಎಲ್‌ಇಡಿ ಪ್ಯಾಡ್‌ನಲ್ಲಿ ಕಾವಿನ ತೊಂದರೆ ಇಲ್ಲ. ಎರಡು ತಾಸು ಉರಿಸಿದರೂ ಅಂಗೈ ಇಟ್ಟರೆ ಸ್ವಲ್ಪ ಬೆಚ್ಚಗೆ, ಅಷ್ಟೇ. ದಾಸವಾಳ ಬಾಡುತ್ತದೆ, ಆದರೆ ಅದರ ಪಾಡಿಗೆ ಅದು, ನಿಧಾನವಾಗಿ.

ಬಿಚ್ಚಿ ನೋಡದಿದ್ದರೂ ಒಳಗಿನ ಲೆಕ್ಕ ಗೊತ್ತಿರಲಿ, ಕೊಳ್ಳುವಾಗ ಕೆಲಸಕ್ಕೆ ಬರುತ್ತದೆ. ಇಡೀ ಹಲಗೆಯ ತುಂಬ ದೀಪಗಳಿರುವುದಿಲ್ಲ. ಒಂದು ಅಂಚಿನಲ್ಲಿ ಸಣ್ಣ ಎಲ್‌ಇಡಿಗಳ ಸಾಲು ಇರುತ್ತದೆ. ಅಲ್ಲಿಂದ ಬೆಳಕು ಅಕ್ರಿಲಿಕ್ ಹಾಳೆಯೊಳಗೆ ಅಡ್ಡಡ್ಡ ಓಡುತ್ತದೆ, ಹಾಳೆಯಲ್ಲಿರುವ ಸಣ್ಣ ಸಣ್ಣ ಚುಕ್ಕೆಗಳಿಗೆ ಬಡಿದು ಮೇಲೆ ಬರುತ್ತದೆ. ಹೀಗಾಗಿ ಅಗ್ಗದ ಪ್ಯಾಡ್‌ಗಳಲ್ಲಿ ಎಲ್‌ಇಡಿ ಇರುವ ಅಂಚು ಜಾಸ್ತಿ ಬೆಳಗುತ್ತದೆ, ಎದುರಿನ ಅಂಚು ಮಂಕು. ನನಗೆ ಮೊದಲು ಬಂದ ಪ್ಯಾಡ್‌ನಲ್ಲಿ ಒಂದು ಮೂಲೆ ಪೂರ್ತಿ ಹಳದಿ ತಿರುಗಿತ್ತು. ಮಾರಿದವರು ವಾಪಸ್ ತೆಗೆದುಕೊಳ್ಳೋಕೆ ಹನ್ನೊಂದು ದಿನ ಸತಾಯಿಸಿದರು, ಡಬ್ಬಿಯ ಫೋಟೋ ಕಳಿಸಿ, ಅಂಚಿನ ಫೋಟೋ ಕಳಿಸಿ, ಮತ್ತೆ ಡಬ್ಬಿಯ ಫೋಟೋ ಕಳಿಸಿ ಅಂತ. ಎರಡನೆಯದು ಚೆನ್ನಾಗಿದೆ. ಬಂದ ದಿನವೇ ಕತ್ತಲೆ ಕೋಣೆಯಲ್ಲಿ ಪ್ಯಾಡ್ ಹಚ್ಚಿ, ಮೇಲೆ ಏನೂ ಇಡದೆ ಒಂದು ಫೋಟೋ ತೆಗೆಯಿರಿ. ಕಣ್ಣಿಗೆ ಒಂದೇ ಸಮ ಕಂಡರೂ ಫೋಟೋದಲ್ಲಿ ಕಲೆ ಎದ್ದು ಕಾಣುತ್ತದೆ.

ಇನ್ನೊಂದು, ಇದು ಯುಎಸ್‌ಬಿಯಲ್ಲಿ ನಡೆಯುತ್ತದೆ, 5 ವೋಲ್ಟ್ ಸಾಕು. ಕರೆಂಟ್ ಹೋದರೆ ಪವರ್ ಬ್ಯಾಂಕ್ ಸಿಕ್ಕಿಸಿ ಮುಂದುವರಿಸಬಹುದು. ಈ ಕಡೆ ಬೇಸಿಗೆಯಲ್ಲಿ ಕರೆಂಟಿನ ಭರವಸೆ ಇಟ್ಟು ಯಾವ ಕೆಲಸ ಶುರು ಮಾಡೋಕಾಗುತ್ತೆ ಹೇಳಿ? ನಾನು ಈಗ ಪವರ್ ಬ್ಯಾಂಕ್‌ನಲ್ಲೇ ನಡೆಸುತ್ತೇನೆ. ಫೋಟೋ ನಡುವೆ ಬೆಳಕು ಒಮ್ಮೆ ಹೋಗಿ ಬಂದರೆ ಆ ಫ್ರೇಮ್, ಅಂದರೆ ಆ ಒಂದು ಫೋಟೋ, ಹಾಳು.

ಈಗ ಇದರ ದೊಡ್ಡ ದೋಷ. ಮುಟ್ಟಿದರೆ ಬೆಳಕು ಹೆಚ್ಚು ಕಡಿಮೆ ಆಗುವ ಬಟನ್ ಇದೆ, ಮೂರು ಹಂತ. ಕಡಿಮೆ ಹಂತದಲ್ಲಿ ಇಟ್ಟು ತೆಗೆದ ಫೋಟೋಗಳಲ್ಲಿ ಅಡ್ಡ ಪಟ್ಟೆಗಳು ಬಂದವು, ಕರಿ ಬಿಳಿ ಕರಿ ಬಿಳಿ. ಮೊದಲು ಫೋನ್ ಕೆಟ್ಟಿದೆ ಅಂದುಕೊಂಡೆ. ಆಮೇಲೆ ತಿಳಿಯಿತು, ಅಗ್ಗದ ಪ್ಯಾಡ್‌ಗಳು ಬೆಳಕನ್ನು ನಿಜವಾಗಿ ಕಡಿಮೆ ಮಾಡುವುದಿಲ್ಲ, ಕಣ್ಣಿಗೆ ಕಾಣದಷ್ಟು ಜೋರಾಗಿ ಆರಿಸಿ ಹಚ್ಚುತ್ತ ಇರುತ್ತವೆ. ಕಣ್ಣಿಗೆ ಮಂಕು ಅನಿಸುತ್ತದೆ, ಕ್ಯಾಮೆರಾ ಆ ಆರಿದ ಗಳಿಗೆಯನ್ನೂ ಹಿಡಿದುಬಿಡುತ್ತದೆ. 340 ಫೋಟೋ ದಂಡವಾದವು. ಒಂದು ಭಾನುವಾರ ಪೂರ್ತಿ. ಪರಿಹಾರ ಸುಲಭ: ಪ್ಯಾಡ್ ಯಾವಾಗಲೂ ಪೂರ್ತಿ ಬೆಳಕಿನಲ್ಲೇ ಇರಲಿ. ಬೆಳಕು ಜಾಸ್ತಿ ಅನಿಸಿದರೆ ಮೇಲೆ ಒಂದೋ ಎರಡೋ ಬಟರ್ ಪೇಪರ್ ಹಾಸಿ. ಕೋಣೆಯ ಟ್ಯೂಬ್‌ಲೈಟ್ ಆರಿಸಿ. ಹಚ್ಚಲೇಬೇಕು ಅಂದರೆ ಶಟರ್ (ಕ್ಯಾಮೆರಾ ಬೆಳಕು ಒಳಗೆ ಬಿಡುವ ಹೊತ್ತು) ಸೆಕೆಂಡಿನ 1/50 ಅಥವಾ 1/100ಕ್ಕೆ ಇಡಿ, ನಮ್ಮ ಕರೆಂಟ್ 50 ಹರ್ಟ್ಸ್, ಹಳೇ ಟ್ಯೂಬ್ ಸೆಕೆಂಡಿಗೆ 100 ಸಲ ಮಿನುಗುತ್ತದೆ, ಅದಕ್ಕೆ ಹೊಂದಬೇಕು. ಫೋಕಸ್, ಎಕ್ಸ್‌ಪೋಷರ್ (ಬೆಳಕಿನ ಪ್ರಮಾಣ), ವೈಟ್ ಬ್ಯಾಲೆನ್ಸ್ (ಬಣ್ಣದ ಹದ) ಮೂರನ್ನೂ ಲಾಕ್ ಮಾಡಿ. ಇಲ್ಲದಿದ್ದರೆ ಪ್ರತಿ ಫ್ರೇಮಿಗೂ ಫೋನ್ ತನ್ನ ಬುದ್ಧಿ ಓಡಿಸುತ್ತದೆ.

ಸ್ಟ್ಯಾಂಡ್ ಕೊಳ್ಳಬೇಡಿ, ಸುಮ್ನೆ ದುಡ್ಡು ದಂಡ. ಮನೆಯಲ್ಲಿ ಪ್ಲಾಸ್ಟಿಕ್ ಸ್ಟೂಲ್ ಇರುತ್ತದಲ್ಲ, ಕೂರುವ ಜಾಗದ ನಡುವೆ ತೂತು ಇರುವಂಥದ್ದು. ಅದರ ಕೆಳಗೆ ಪ್ಯಾಡ್, ತೂತಿನ ಮೇಲೆ ಫೋನ್. 2 ಪಟ್ಟು ಜೂಮ್ ಹಾಕಿದರೆ ಎ4 ಹೆಚ್ಚೂ ಕಡಿಮೆ ಸರಿಯಾಗಿ ತುಂಬುತ್ತದೆ. ವಿಡಿಯೋದ ಅಡ್ಡ ಚೌಕಟ್ಟಿಗೆ ಮೇಲೂ ಕೆಳಗೂ ಎರಡೆರಡು ಸೆಂಟಿಮೀಟರ್ ಉಳಿಯುತ್ತದೆ, ಕೈ ಊರೋಕೆ ಅಷ್ಟು ಜಾಗ ಬೇಕು. ಸ್ಟೂಲಿನ ಕಾಲಿಗೂ ಪ್ಯಾಡಿನ ಮೂಲೆಗೂ ಟೇಪ್ ಅಂಟಿಸಿ. ಫೋಟೋ ಒತ್ತೋಕೆ ವೈರ್ ಇರುವ ಇಯರ್‌ಫೋನಿನ ವಾಲ್ಯೂಮ್ ಬಟನ್ ಬಳಸಿ, ಫೋನ್ ಮುಟ್ಟಲೇಬೇಡಿ.

ಇಷ್ಟೆಲ್ಲ ಆದ ಮೇಲೆ ಏನು ಇಡೋದು? ನಾನು ಶುರು ಮಾಡಿದ್ದು ಅಡುಗೆಮನೆಯಿಂದ.

ಉಳ್ಳಾಗಡ್ಡಿಯ ಹೊರಗಿನ ಸಿಪ್ಪೆ, ಒಣಗಿ ಚುರುಚುರು ಅನ್ನುವಂಥದ್ದು. ಅದನ್ನು ನಾವು ಜೀವನದಲ್ಲಿ ಎಷ್ಟು ಸಾವಿರ ಸಲ ಕಸಕ್ಕೆ ಹಾಕಿಲ್ಲ! ಪ್ಯಾಡ್ ಮೇಲೆ ಅದು ತಾಮ್ರದ ಬಣ್ಣ. ಅದರ ತುಂಬ ಉದ್ದುದ್ದ ಗೆರೆ, ಒಂದು ತುದಿಯಲ್ಲಿ ದೂರ ದೂರ, ಇನ್ನೊಂದು ತುದಿಗೆ ಬರುತ್ತ ಒತ್ತೊತ್ತು. ಒಂದರ ಮೇಲೊಂದು ಎರಡು ಸಿಪ್ಪೆ ಇಟ್ಟರೆ ಗೆರೆಗಳು ಒಂದನ್ನೊಂದು ದಾಟಿ ಬಲೆ ಆಗುತ್ತವೆ, ಬಣ್ಣ ಕಡು ಆಗುತ್ತದೆ. ಮೂರಿಟ್ಟರೆ ಕಂದು. ನಾನು ಮೇಲಿನ ಸಿಪ್ಪೆಯನ್ನು ಫೋಟೋಗೊಂದು ಮಿಲಿಮೀಟರ್‌ನಂತೆ ಸರಿಸುತ್ತ ಹೋದೆ. ಸೆಕೆಂಡಿಗೆ 12 ಫೋಟೋ, 9 ಸೆಕೆಂಡಿಗೆ 108. ಓಡಿಸಿ ನೋಡಿದರೆ ಸಿಪ್ಪೆ ಸರಿದಂತೆ ಕಾಣಲೇ ಇಲ್ಲ. ಎರಡು ಗೆರೆಗಳು ದಾಟುವ ಜಾಗ ಇದೆಯಲ್ಲ, ಅದು ಅಲೆ ಅಲೆಯಾಗಿ ಹರಿಯಿತು, ನಾನು ಕೈಯಾರೆ ಎಲ್ಲೂ ಮಾಡದ ಚಲನೆ. ಅವ್ವ ರೊಟ್ಟಿ ಬಡಿಯುವುದನ್ನು ಬಿಟ್ಟು ಬಂದು ನೋಡಿ, "ಹೊಳಿ ಹರದಂಗ ಐತಲ್ಲೋ" ಅಂದರು. ಸಿಪ್ಪೆ ಅಂತ ಹೇಳಿದ ಮೇಲೂ ನಂಬಲಿಲ್ಲ. ಈ ಕೆಲಸದ ಆ್ಯಪ್‌ಗಳಲ್ಲಿ ಹಿಂದಿನ ಫೋಟೋವನ್ನು ತೆಳುವಾಗಿ ತೋರಿಸುವ ಸೌಲಭ್ಯ ಇರುತ್ತದೆ, ಎಷ್ಟು ಸರಿಸಿದೆವು ಅಂತ ತಿಳಿಯೋಕೆ. ಅದರ ಹೆಸರೇ 'ಆನಿಯನ್ ಸ್ಕಿನ್', ಅಂದರೆ ಉಳ್ಳಾಗಡ್ಡಿ ಸಿಪ್ಪೆ. ಹೆಸರಿಟ್ಟವರು ಸರಿಯಾಗಿ ನೋಡಿಯೇ ಇಟ್ಟಿದ್ದಾರೆ.

ಎಕ್ಕೆ ಬೀಜದಲ್ಲಿ ಸೋತೆ. ಎಕ್ಕೆ ಕಾಯಿ ಒಡೆದರೆ ಒಳಗಿಂದ ಬೆಳ್ಳಗೆ ರೇಷ್ಮೆ ಹೊತ್ತ ಬೀಜ ಹಾರುತ್ತವಲ್ಲ, ಅದನ್ನು ಅರಳಿಸಿ ಮುಚ್ಚಿ ಅರಳಿಸಿ ಮುಚ್ಚಿ ಉಸಿರಾಡಿದ ಹಾಗೆ ಮಾಡಬೇಕು ಅಂತ ಇತ್ತು. ಆದರೆ ನಮ್ಮ ಕಡೆಯ ಒಣ ಹವೆಗೆ, ಅಕ್ರಿಲಿಕ್ ಹಲಗೆಯನ್ನು ಬಟ್ಟೆಯಿಂದ ಒರೆಸಿದರೆ ಸಾಕು, ಬಾಚಣಿಗೆಗೆ ಕಾಗದದ ಚೂರು ಅಂಟುತ್ತದಲ್ಲ ಹಾಗೆ ಆ ಎಳೆಗಳೆಲ್ಲ ಪ್ಯಾಡಿಗೆ ಅಂಟಿ ಕೂತವು. ಚಿಮಟಿಗೆ ತಂದರೆ ಚಿಮಟಿಗೆಗೇ ಹಾರಿ ಅಂಟುತ್ತವೆ. ಒದ್ದೆ ಬಟ್ಟೆಯಲ್ಲಿ ಒರೆಸಿದರೆ ಹತ್ತು ನಿಮಿಷ ಪರವಾಗಿಲ್ಲ, ಆಮೇಲೆ ಮತ್ತೆ ಅದೇ. ಹಲಗೆ ಗಾಜಿನದಾಗಿದ್ದರೆ ಇಷ್ಟು ಕಾಟ ಇರುತ್ತಿರಲಿಲ್ಲ. ಈಗ ಗಾಜಿನ ಅಂಗಡಿಯಲ್ಲಿ ಎ4 ಅಳತೆಗೆ 3 ಮಿಲಿಮೀಟರ್ ಗಾಜು ಕತ್ತರಿಸಿ, ಅಂಚು ಉಜ್ಜಿಸಿ ತಂದು ಮೇಲೆ ಇಟ್ಟಿದ್ದೇನೆ. ಈ ಗಾಜನ್ನು ಮೊದಲ ದಿನವೇ ತನ್ನಿ, ಪ್ಯಾಡಿನ ಬೆಲೆಯಲ್ಲೇ ಅದನ್ನೂ ಸೇರಿಸಿಕೊಳ್ಳಿ. ಅಕ್ರಿಲಿಕ್ ಮೆತ್ತಗೆ. ನಾನು ಮೊದಲ ವಾರ ಹೊಳೆದಂಡೆಯ ಹರಳು ಜರುಗಿಸಿ ಮಾಡಿದ ಮೂರು ಗೀರು ಇವತ್ತಿಗೂ ಕಾಣುತ್ತವೆ.

ಮೊದಲ ಮಳೆ ಬಂದ ರಾತ್ರಿಯ ವಿಷಯ ಹೇಳಲೇಬೇಕು.

ನಿಮಗೂ ಗೊತ್ತು, ಮೊದಲ ದೊಡ್ಡ ಮಳೆ ಬಿದ್ದ ಸಂಜೆ ಮಳೆಹುಳ ಏಳುತ್ತವೆ, ರೆಕ್ಕೆ ಬಂದ ಗೆದ್ದಲು. ಪಡಸಾಲೆಯ ದೀಪಕ್ಕೆ ಮುತ್ತಿ, ಬೆಳಗಾಗುವಷ್ಟರಲ್ಲಿ ನೆಲದ ತುಂಬ ಬರೀ ರೆಕ್ಕೆ. ಅವ್ವ ಕಸಬರಿಗೆ ಹಿಡಿದು ನಿಂತಿದ್ದರು, ನಾನು ಓಡಿ ಹೋಗಿ ಒಂದು ಮೊರದಲ್ಲಿ ತುಂಬಿಕೊಂಡೆ. ಪ್ಯಾಡ್ ಮೇಲೆ ಒಂದು ರೆಕ್ಕೆ ಇಟ್ಟೆ. ಬೆರಳಿನ ಉಗುರಿಗಿಂತ ಸ್ವಲ್ಪ ಉದ್ದ, ತೆಳು ಕಂದು, ಮುಂದಿನ ಅಂಚಿಗೆ ಗಟ್ಟಿ ಗೆರೆ, ಅಲ್ಲಿಂದ ಒಳಕ್ಕೆ ಕೂದಲಿನಂಥ ಗೆರೆಗಳು. ಒಂದರಂತೆ ಇನ್ನೊಂದಿಲ್ಲ. ಇಲ್ಲಿ ಸರಿಸುವ ಕೆಲಸ ಬಿಟ್ಟು, ಬದಲಿಸುವ ಕೆಲಸ ಮಾಡಿದೆ: ಒಂದೇ ಜಾಗದಲ್ಲಿ ಪ್ರತಿ ಫೋಟೋಗೂ ಬೇರೆ ರೆಕ್ಕೆ. ಫ್ಯಾನ್ ಆರಿಸಿ, ಬಾಗಿಲು ಹಾಕಿ, ಮೂಗಿಗೆ ಕರವಸ್ತ್ರ ಕಟ್ಟಿಕೊಂಡು, ಯಾಕಂದರೆ ಉಸಿರು ತಾಗಿದರೂ ರೆಕ್ಕೆ ಹಾರುತ್ತದೆ. 240 ರೆಕ್ಕೆ, 20 ಸೆಕೆಂಡ್. ಓಡಿಸಿದರೆ ಒಂದೇ ರೆಕ್ಕೆ ನಡುಗುತ್ತಿದೆ, ಅದರ ನರಗಳು ಮಿಂಚಿನ ಹಾಗೆ ಓಡಾಡುತ್ತಿವೆ. ಸತ್ತು ಉದುರಿದ್ದು ಮತ್ತೆ ಪಟಪಟ ಅಂದಿತು. ಒಬ್ಬನೇ ಕೋಣೆಯಲ್ಲಿ ಬೆವರು ಸುರಿಸುತ್ತ ಕೂತು ಅದನ್ನು ಎಷ್ಟು ಸಲ ನೋಡಿದೆನೋ ಲೆಕ್ಕ ಇಲ್ಲ.

ಈ ದಾರಿ ಹೊಸದೇನಲ್ಲ. 1963ರಲ್ಲಿ ಅಮೆರಿಕದ ಸ್ಟಾನ್ ಬ್ರಾಕೇಜ್ ಎಂಬ ಸಿನಿಮಾ ನಿರ್ದೇಶಕ 'ಮಾತ್‌ಲೈಟ್' ಅಂತ ಕೆಲವೇ ನಿಮಿಷದ ಚಿತ್ರ ಮಾಡಿದರು, ಕ್ಯಾಮೆರಾ ಇಲ್ಲದೆ. ಪತಂಗದ ರೆಕ್ಕೆ, ಹೂವಿನ ಎಸಳು, ಹುಲ್ಲಿನ ಎಳೆಗಳನ್ನು 16 ಎಂ.ಎಂ. ಅಗಲದ ಎರಡು ಪಾರದರ್ಶಕ ಟೇಪುಗಳ ನಡುವೆ ಒತ್ತಿ, ಅದರಿಂದ ನೇರ ಪ್ರಿಂಟ್ ಹಾಕಿಸಿದರು. 16 ಎಂ.ಎಂ. ಫಿಲ್ಮಿನಲ್ಲಿ ಒಂದು ಫ್ರೇಮಿನ ಎತ್ತರ ಸುಮಾರು ಏಳೂವರೆ ಮಿಲಿಮೀಟರ್ ಮಾತ್ರ, ಹಾಗಾಗಿ ಉದ್ದನೆ ರೆಕ್ಕೆ ಎರಡು ಮೂರು ಫ್ರೇಮಿಗೆ ತುಂಡಾಗಿ ಹಂಚಿಹೋಗುತ್ತದೆ, ಪರದೆ ಮೇಲೆ ಸೆಕೆಂಡಿಗೆ 24ರಂತೆ ಸುರಿಯುತ್ತದೆ. ಅವರಿಗೂ ಸಿಕ್ಕಿದ್ದು ದೀಪಕ್ಕೆ ಬಂದು ಸತ್ತ ಹುಳಗಳೇ. ಮಳೆಹುಳ ಗುಡಿಸುವ ನಮ್ಮ ಪಡಸಾಲೆಗೆ ಆ ಚಿತ್ರ ಬಹಳ ದೂರದ್ದು ಅಂತ ನನಗೆ ಅನಿಸುವುದಿಲ್ಲ.

ಇನ್ನೂ ಹತ್ತಿರದ್ದು ತೊಗಲು ಗೊಂಬೆ. ತೊಗಲನ್ನು ಬೆಳಕು ಹಾಯುವಷ್ಟು ತೆಳ್ಳಗೆ ಮಾಡಿ, ಬಣ್ಣ ಹಾಕಿ, ಬಿಳಿ ಪರದೆಯ ಹಿಂದೆ ದೀಪ ಇಟ್ಟು ಆಡಿಸುವ ಆಟ. ನಮ್ಮ ಜಿಲ್ಲೆಯ ಮೊರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು, ತೊಂಬತ್ತು ದಾಟಿದ ವಯಸ್ಸಿನಲ್ಲಿ. ಬೆಳಕು ವಸ್ತುವಿನ ಮೇಲೆ ಬೀಳುವುದು ಬೇರೆ, ವಸ್ತುವಿನೊಳಗಿಂದ ಹಾಯ್ದು ಬರುವುದು ಬೇರೆ. ಈ ವ್ಯತ್ಯಾಸ ನಮ್ಮೂರ ಹಿರಿಯರಿಗೆ ಹೇಳಿಕೊಡಬೇಕಾಗಿಲ್ಲ.

ಮಣ್ಣಿನ ಬಗ್ಗೆ ಸ್ವಲ್ಪ. ಸಂಡೂರಿನ ಕಡೆಯಿಂದ ಗೆಳೆಯನೊಬ್ಬ ಅದಿರಿನ ಕೆಂಪು ಮಣ್ಣು ಒಂದು ಡಬ್ಬಿ ತಂದುಕೊಟ್ಟ. ತೆಳು ಬಟ್ಟೆಯಲ್ಲಿ ಸೋಸಿ, ಗಾಜಿನ ಮೇಲೆ ಉದುರಿಸಿದರೆ ತೆಳ್ಳಗಿದ್ದಲ್ಲಿ ಕೇಸರಿ, ದಪ್ಪಗಿದ್ದಲ್ಲಿ ಕಪ್ಪು. ಬೆರಳಾಡಿಸಿದ ಕಡೆ ಬೆಳಕು ತೆರೆದುಕೊಳ್ಳುತ್ತದೆ. ಬಹಳ ಚಂದ. ಆದರೆ ಈ ಪ್ಯಾಡಿನ ಅಂಚಿನಲ್ಲಿ, ಅಕ್ರಿಲಿಕ್ಕೂ ಪ್ಲಾಸ್ಟಿಕ್ ಚೌಕಟ್ಟೂ ಕೂಡುವ ಕಡೆ ಸಣ್ಣ ಸಂದು ಇದೆ. ಅದರೊಳಗೆ ಮಣ್ಣು ಹೋದರೆ ಹೊರಗೆ ಬರುವುದಿಲ್ಲ, ಒಳಗೆ ಕಲೆಯಾಗಿ ಕೂರುತ್ತದೆ. ಸುತ್ತಲೂ ಅಗಲ ಸೆಲ್ಲೋಟೇಪ್ ಅಂಟಿಸಿ, ಆಮೇಲೆ ಮಣ್ಣು ಮುಟ್ಟಿ.

ಕಲ್ಲಿಗೆ ಮಾತ್ರ ಈ ಪ್ಯಾಡ್ ಉಪಯೋಗವಿಲ್ಲ. ಸುತ್ತ ಎಲ್ಲಿ ನೋಡಿದರೂ ಬಂಡೆ ಇರುವ ಊರಲ್ಲಿದ್ದುಕೊಂಡು ಇದನ್ನು ಹೇಳೋಕೆ ಬೇಜಾರು, ಆದರೆ ಕಲ್ಲು ಇಟ್ಟರೆ ಕರಿ ನೆರಳು ಮಾತ್ರ, ಅದರ ಕೆಂಪು ಬಿಳಿ ಚುಕ್ಕೆ ಒಂದೂ ಕಾಣುವುದಿಲ್ಲ. ಬೆಣಚು ಹರಳು ಸ್ವಲ್ಪ ಹೊಳೆಯುತ್ತದೆ. ಕಲ್ಲು, ಹುಣಸೆ ಬೀಜ, ಗುಲಗಂಜಿ ಇಂಥವಕ್ಕೆ ಪ್ಯಾಡ್ ಬೇಡ, ಪಕ್ಕದಿಂದ ಕಿಟಕಿ ಬೆಳಕು ಬೇಕು. ಬಳ್ಳಾರಿ ಜಾಲಿಯ ಕಾಯಿಗೂ ಒಳಗಿನದು ಕಾಣುವುದಿಲ್ಲ, ಆದರೆ ಅದರ ಬಾಗಿದ ಆಕಾರ ಬರೀ ನೆರಳಾಗಿಯೂ ಚೆಂದ. ಸುಬಾಬುಲ್ ಕಾಯಿ ಇಟ್ಟು ನೋಡಿ, ತೆಳ್ಳಗೆ ಚಪ್ಪಟೆ, ಸಾಲಾಗಿ ಬೀಜ ಕಾಣುತ್ತವೆ.

ಬಣ್ಣದಲ್ಲೂ ಒಂದು ಕೊರತೆ ಇದೆ. ಇದರ ಬಿಳಿ ಬೆಳಕು ಸ್ವಲ್ಪ ನೀಲಿ ಕಡೆಗೆ ವಾಲುತ್ತದೆ, ಕೆಂಪು ಸರಿಯಾಗಿ ಏಳುವುದಿಲ್ಲ. ಕಾಕಾನ ಪೆಟ್ಟಿಗೆಯ ಮೇಲೆ ನೋಡಿದ ಆ ದಾಸವಾಳದ ಕೆಂಪು ಈ ಪ್ಯಾಡಿನ ಮೇಲೆ ಸಿಗಲಿಲ್ಲ. ಬಲ್ಬಿನ ಹಳದಿ ಬೆಳಕಿನಲ್ಲಿ ಕೆಂಪು ಜಾಸ್ತಿ ಇರುತ್ತದೆ, ಅದಕ್ಕೆ ಎಸಳು ಕೆಂಡದ ಹಾಗಿತ್ತು. ಕಂಪ್ಯೂಟರಿನಲ್ಲಿ ತಿದ್ದಿದೆ, ಅಷ್ಟು ಸರಿ ಬರಲಿಲ್ಲ. ಬಣ್ಣವೇ ಮುಖ್ಯ ಅನ್ನುವವರು ಬೆಳಕಿನ ಬಣ್ಣ ಬದಲಿಸಬಹುದಾದ ಪ್ಯಾಡ್ ನೋಡಿ, ದುಡ್ಡು ಜಾಸ್ತಿ. ಎಲೆ, ಸಿಪ್ಪೆ, ರೆಕ್ಕೆಗೆ ಇದೇ ಸಾಕು.

ಆಷಾಢದಲ್ಲಿ ಮದುವೆ ಇಲ್ಲ, ಸ್ಟುಡಿಯೋ ಖಾಲಿ. ಆಗ ಕೂತು ಎಲ್ಲ ಜೋಡಿಸಿದೆ. ಒಟ್ಟು 2,400 ಫೋಟೋ, 3 ನಿಮಿಷ 20 ಸೆಕೆಂಡ್. ಒಂದು ರಾತ್ರಿ ನಮ್ಮ ಓಣಿಯ ಬಿಳಿ ಗೋಡೆಗೆ ಪ್ರೊಜೆಕ್ಟರ್ ಹಚ್ಚಿ ತೋರಿಸಿದೆ. ದೊಡ್ಡವರು ಕೇಳಿದ್ದು ಒಂದೇ, "ಇದರಾಗ ಕಥಿ ಎಲ್ಲೈತಿ?" ಮಕ್ಕಳು ಕೇಳಲಿಲ್ಲ. ಅಣ್ಣನ ಮಗಳು ಆರನೇ ತರಗತಿ, ಗೋಡೆ ಹತ್ತಿರ ಹೋಗಿ ರೆಕ್ಕೆಯ ಮೇಲೆ ಕೈ ಇಟ್ಟಳು, ನಡುಗುವ ಗೆರೆಗಳು ಅವಳ ಅಂಗೈ ಮೇಲೆ ಓಡಿದವು. ಆಮೇಲೆ ಉಳಿದವರೂ ಸಾಲು ನಿಂತರು. ಮೂರು ಸಲ ಹಾಕಬೇಕಾಯಿತು. ಕಾಕಾ ಕಟ್ಟೆ ಮೇಲೆ ಕೂತು ಪೂರ್ತಿ ನೋಡಿ, "ಲೇ ತಮ್ಮಾ, ನೆಗೆಟಿವ್ ಪೆಟಗಿ ಇನ್ನೂ ಐತೇನು ಮ್ಯಾಲೆ?" ಅಂತ ಕೇಳಿದರು. ಮರುದಿನ ಅದನ್ನು ಅಟ್ಟದಿಂದ ಇಳಿಸಿ ಒರೆಸಿ ಕೊಟ್ಟೆ. ಈಗ ಅದಕ್ಕೆ ಹಳದಿ ಎಲ್‌ಇಡಿ ಪಟ್ಟಿ ಕೂರಿಸುತ್ತೇನೆ ಅಂತ ಹೊರಟಿದ್ದಾರೆ, ಎಪ್ಪತ್ತೊಂದರ ವಯಸ್ಸಿನಲ್ಲಿ.

ಯಾರು ಕೊಳ್ಳಬೇಕು? ಡ್ರಾಯಿಂಗ್ ಮಾಸ್ತರರು ಖಂಡಿತ ಕೊಳ್ಳಿ. ಶಾಲೆಗೆ ಒಂದು ಪ್ಯಾಡ್, ಒಂದು ಹಳೇ ಫೋನ್, ಒಂದು ಸ್ಟೂಲ್ ಇದ್ದರೆ ಒಂದು ತರಗತಿಗೆ ಸಾಕು, ಉಳಿದದ್ದೆಲ್ಲ ಶಾಲೆಯ ಬೇಲಿಯಲ್ಲೇ ಸಿಗುತ್ತದೆ. ಒಂದು ನಿಮಿಷಕ್ಕೆ 720 ಫೋಟೋ ಅಂದರೆ ಹೆದರುತ್ತಾರೆ, ಆದರೆ 40 ಮಕ್ಕಳಿದ್ದರೆ ತಲೆಗೆ 18. ವಿಡಿಯೋ ಮಾಡಿ ಬೇಗ ಹೆಸರು ಮಾಡಬೇಕು ಅನ್ನುವವರಿಗೆ ಇದು ಬೇಡ. ನನ್ನ 5 ಅಂಕದಲ್ಲಿ ಇದಕ್ಕೆ ಮೂರೂವರೆ. ಪಟ್ಟೆ ಬರುವುದಕ್ಕೆ ಒಂದು ಕಡಿತ, ಸಂದಿಗೂ ಗೀರಿಗೂ ಸೇರಿ ಅರ್ಧ.

ಸದ್ಯ ಹಿತ್ತಲಲ್ಲಿ ಒಂದು ಬಕೆಟ್ ನೀರಿನಲ್ಲಿ 60 ಅರಳಿ ಎಲೆ ನೆನೆಯುತ್ತಿವೆ. ಮೂರು ನಾಲ್ಕು ವಾರ ಕೊಳೆಸಿ, ಮೆತ್ತನೆ ಬ್ರಷ್‌ನಿಂದ ತಿಕ್ಕಿದರೆ ಹಸಿರೆಲ್ಲ ಹೋಗಿ ನರದ ಬಲೆ ಮಾತ್ರ ಉಳಿಯುತ್ತದೆ. ವಾಸನೆಗೆ ಅವ್ವ ದಿನಾ ಬೈಯುತ್ತಾರೆ, "ಚೆಲ್ಲತೀಯೋ ನಾನ ಚೆಲ್ಲಲೋ" ಅಂತ. ಕಳೆದ ಭಾನುವಾರ ಒಂದು ಎಲೆ ತೆಗೆದು ತೊಳೆದು, ಇನ್ನೂ ಹಸಿ ಇರುವಾಗಲೇ ಪ್ಯಾಡ್ ಮೇಲೆ ಇಟ್ಟೆ. ಅರ್ಧ ಹಸಿರು ಹೋಗಿತ್ತು, ಅರ್ಧ ಉಳಿದಿತ್ತು. ಅವ್ವನನ್ನು ಕರೆದೆ. ಬಂದರು, ಸೆರಗಿನಿಂದ ಮೂಗು ಮುಚ್ಚಿಕೊಂಡೇ ಬಗ್ಗಿ ನೋಡಿದರು, ಆಮೇಲೆ ಬಕೆಟ್ಟನ್ನು ತಾವೇ ಎತ್ತಿ ಬಿಸಿಲು ಬೀಳದ ಕಡೆ ಇಟ್ಟರು.